‘ಇದು ಹೈಬ್ರಿಡ್’ ಅಂದ್ರೆ ಏನರ್ಥ? ಬೀಜದ ಪ್ಯಾಕೆಟ್‌ನಿಂದ ಬಾಳೆಗೊನೆವರೆಗೆ

ಹೋದ ವರ್ಷ ನಮ್ಮ ತಾರಸಿಯಲ್ಲಿ ಒಂದು ಟೊಮ್ಯಾಟೊ ಗಿಡ ಭರ್ಜರಿಯಾಗಿ ಬಿಟ್ಟಿತು. ಎಲ್ಲ ಒಂದೇ ಅಳತೆಯ ಹಣ್ಣು, ರೋಗದ ಸುಳಿವಿಲ್ಲ. ಖುಷಿಯಲ್ಲಿ ಎರಡು ಹಣ್ಣಿನ ಬೀಜ ತೆಗೆದು, ಬೂದಿಯಲ್ಲಿ ಉಜ್ಜಿ, ನೆರಳಲ್ಲಿ ಒಣಗಿಸಿ ಎತ್ತಿಟ್ಟೆ. ಈ ವರ್ಷ ಆ ಬೀಜದಿಂದ 12 ಗಿಡ ಎದ್ದವು. ಒಂದು ಮೊಣಕಾಲೆತ್ತರಕ್ಕೇ ನಿಂತಿತು. ಇನ್ನೊಂದು ಕಂಬಿ ದಾಟಿ ಪಕ್ಕದ ಮನೆಯ ನೀರಿನ ಟ್ಯಾಂಕಿನ ಕಡೆ ಹೊರಟಿತು. ಒಂದರಲ್ಲಿ ನಿಂಬೆ ಗಾತ್ರದ ಹಣ್ಣು, ಒಂದರಲ್ಲಿ ಬದಿ ಸೀಳಿದ ದಪ್ಪ ಹಣ್ಣು. ಮೂರು ಗಿಡಕ್ಕೆ ಎಲೆ ಮುದುಡು ರೋಗ.

ನಮ್ಮಮ್ಮ ನೋಡಿ ನಕ್ಕರು. “ಹೈಬ್ರಿಡ್ ಬೀಜ ಯಾರಾದ್ರೂ ಎತ್ತಿಡ್ತಾರೇನೋ?”

ನಾನೂ ಸುಮ್ನಿರಲಿಲ್ಲ. “ನಿಮ್ಮೂರಲ್ಲಿ ಹೈಬ್ರಿಡ್ ರಾಗಿ ಅಂತ ವರ್ಷಾ ವರ್ಷಾ ಕಣದಿಂದಲೇ ಬಿತ್ತನೆಗೆ ಎತ್ತಿಡ್ತಿದ್ರಲ್ಲಮ್ಮ?” ಅಂದೆ.

ಅಮ್ಮನ ಹತ್ತಿರ ಉತ್ತರ ಇರಲಿಲ್ಲ. ಆದರೆ ಅವರು ಎರಡೂ ಸಲ ಮಾಡಿದ್ದು ಸರಿಯೇ. ಟೊಮ್ಯಾಟೊ ಬೀಜ ಎತ್ತಿಡಬಾರದಿತ್ತು, ರಾಗಿ ಬೀಜ ಎತ್ತಿಡಬಹುದಿತ್ತು. ತೊಂದರೆ ಇರುವುದು ಪದದಲ್ಲಿ. ‘ಹೈಬ್ರಿಡ್’ ಅನ್ನುವ ಒಂದೇ ಚೀಲಕ್ಕೆ ನಾವು ಐದಾರು ಬೇರೆ ಬೇರೆ ಸಾಮಾನು ತುಂಬಿದ್ದೇವೆ. ಆ ಚೀಲ ಬಿಚ್ಚಿ ನೋಡುವುದು ಹೇಗೆ ಅನ್ನುವುದೇ ಈ ಲೇಖನ.

ಮೊದಲೇ ಒಂದು ಮಾತು. ಹೈಬ್ರಿಡ್ ಅನ್ನುವುದು ಗುಣದ ಹೆಸರಲ್ಲ, ಹುಟ್ಟಿನ ವಿವರ. ರುಚಿ ಇದೆಯೋ ಇಲ್ಲವೋ, ಒಳ್ಳೆಯದೋ ಕೆಟ್ಟದ್ದೋ ಅಂತ ಅದು ಹೇಳುವುದಿಲ್ಲ. ಬೇರೆ ಬೇರೆ ಎರಡು ಕಡೆಯಿಂದ ಬಂದ ತಂದೆ ತಾಯಿಗೆ ಹುಟ್ಟಿದ್ದು ಅಂತ ಮಾತ್ರ ಹೇಳುತ್ತದೆ. ಲ್ಯಾಟಿನ್‌ನಲ್ಲಿ ‘ಹಿಬ್ರಿಡ’ ಅಂದರೆ ಸಾಕಿದ ಹೆಣ್ಣು ಹಂದಿಗೂ ಕಾಡುಹಂದಿಗೂ ಹುಟ್ಟಿದ ಮರಿ. ಪದದ ಮೂಲ ಅಷ್ಟು ಸರಳ. ಹಾಗಾಗಿ ಯಾರಾದರೂ ‘ಇದು ಹೈಬ್ರಿಡ್’ ಅಂದ ಕೂಡಲೇ ಒಂದೊಂದಾಗಿ ಮೂರು ಪ್ರಶ್ನೆ ಹಾಕಿ.

ಒಂದನೇ ಪ್ರಶ್ನೆ: ಯಾವುದಕ್ಕೂ ಯಾವುದಕ್ಕೂ ಹುಟ್ಟಿದ್ದು?

ತಂದೆ ತಾಯಿ ಎಷ್ಟು ದೂರದ ಸಂಬಂಧದವರು ಅನ್ನುವುದರ ಮೇಲೆ ಪದದ ಅರ್ಥ ಬದಲಾಗುತ್ತದೆ.

ತೀರಾ ದೂರದವರಾದರೆ, ಅಂದರೆ ಕುದುರೆ ಮತ್ತು ಕತ್ತೆಯ ಹಾಗೆ ಬೇರೆ ಬೇರೆ ಜಾತಿಯ ಪ್ರಾಣಿಗಳಾದರೆ, ಹೇಸರಗತ್ತೆಯಂಥದ್ದು ಹುಟ್ಟುತ್ತದೆ. ಕುದುರೆಗೆ 64 ವರ್ಣತಂತು (ಗುಣಗಳನ್ನು ಹೊತ್ತ ಎಳೆ, ಕ್ರೋಮೋಸೋಮ್), ಕತ್ತೆಗೆ 62, ಹೇಸರಗತ್ತೆಗೆ 63. ಬೆಸ ಸಂಖ್ಯೆ ಸರಿಯಾಗಿ ಜೋಡಿಯಾಗುವುದಿಲ್ಲ. ಹಾಗಾಗಿ ಸಾಮಾನ್ಯವಾಗಿ ಅದಕ್ಕೆ ಮರಿಯಾಗುವುದಿಲ್ಲ. ‘ಹೈಬ್ರಿಡ್ ಅಂದರೆ ಬಂಜೆ’ ಅನ್ನುವ ಮಾತಿಗೆ ಇಂಥ ಉದಾಹರಣೆಗಳೇ ಆಧಾರ. ಆದರೆ ಆ ಮಾತನ್ನು ಟೊಮ್ಯಾಟೊಗೆ ಹಚ್ಚಬೇಡಿ. ನನ್ನ 12 ಗಿಡಗಳೇ ಸಾಕ್ಷಿ, ಹೈಬ್ರಿಡ್ ಹಣ್ಣಿನ ಬೀಜ ಚೆನ್ನಾಗಿಯೇ ಮೊಳೆಯುತ್ತದೆ. ಮೊಳೆತದ್ದು ತಾಯಿಯ ಹಾಗಿರುವುದಿಲ್ಲ, ಅಷ್ಟೇ.

ಬೇರೆ ಜಾತಿಗಳಾದರೂ ಹತ್ತಿರದವು ಇರುತ್ತವೆ. ಇದಕ್ಕೆ ನಮ್ಮ ಧಾರವಾಡದ ಹತ್ತಿಯೇ ಸಾಕು. 1970ರಲ್ಲಿ ಸೂರತ್‌ನಲ್ಲಿ ಸಿ.ಟಿ. ಪಟೇಲ್ ಅವರು ಎಚ್-4 ಅನ್ನುವ ಹೈಬ್ರಿಡ್ ಹತ್ತಿ ಕೊಟ್ಟರು. ಅದರ ತಂದೆ ತಾಯಿ ಎರಡೂ ಒಂದೇ ಜಾತಿ. ಎರಡೇ ವರ್ಷಕ್ಕೆ, 1972ರಲ್ಲಿ, ಧಾರವಾಡದಲ್ಲಿ ಬಿ.ಎಚ್. ಕಟರಕಿ ಅವರು ‘ವರಲಕ್ಷ್ಮಿ’ ತಂದರು. ತಾಯಿ ‘ಲಕ್ಷ್ಮಿ’ ಅನ್ನುವ ಅಮೆರಿಕನ್ ಹತ್ತಿ, ತಂದೆ ಉದ್ದ ಎಳೆಯ ಬಾರ್ಬಡೆನ್ಸ್ ಜಾತಿಯದು. ಎರಡು ಜಾತಿಗಳ ನಡುವಿನ ಸಂಬಂಧ. ಆಮೇಲೆ ‘ಜಯಲಕ್ಷ್ಮಿ’ ಅನ್ನುವ ಡಿಸಿಎಚ್-32 ಬಂತು, 1981ರಲ್ಲಿ. ಹತ್ತಿ ಬೆಳೆದ ಮನೆಗಳಲ್ಲಿ ವಯಸ್ಸಾದವರನ್ನು ಕೇಳಿದರೆ ಈ ಹೆಸರುಗಳು ಈಗಲೂ ಬಾಯಿಗೆ ಬರುತ್ತವೆ.

ಇನ್ನೂ ಹತ್ತಿರ ಬಂದರೆ ಒಂದೇ ಜಾತಿಯ ಎರಡು ತಳಿಗಳು. ಪೇಟೆಯ ಟೊಮ್ಯಾಟೊ, ಮೆಕ್ಕೆಜೋಳ, ಸೂರ್ಯಕಾಂತಿ, ಹೈಬ್ರಿಡ್ ಭತ್ತ ಎಲ್ಲ ಹೆಚ್ಚುಕಮ್ಮಿ ಇದೇ ಸಾಲಿಗೆ ಸೇರುತ್ತವೆ.

ತೀರಾ ಹತ್ತಿರದ್ದು ತರಗತಿಯ ಹೈಬ್ರಿಡ್. ಪಾಠದಲ್ಲಿ ‘ಮೊನೊಹೈಬ್ರಿಡ್’ ಅಂದರೆ ಇಡೀ ಗಿಡದ ಮಾತಲ್ಲ, ಒಂದೇ ಒಂದು ಗುಣದ ಮಾತು. ಆ ಗುಣಕ್ಕೆ ತಾಯಿಯಿಂದ ಒಂದು ರೂಪ, ತಂದೆಯಿಂದ ಬೇರೊಂದು ರೂಪ ಬಂದಿದ್ದರೆ ಸಾಕು. ಪರೀಕ್ಷೆಗೆ ಓದುವ ಮಕ್ಕಳು ಎಡವುವುದು ಇಲ್ಲೇ. ಮನೆಯಲ್ಲಿ ಕೇಳಿದ ಹೈಬ್ರಿಡ್ ಬೇರೆ, ಪುಸ್ತಕದ ಹೈಬ್ರಿಡ್ ಬೇರೆ. ಎರಡಕ್ಕೂ ತಳಪಾಯ ಒಂದೇ ಅಂತ ಯಾರೂ ಹೇಳಿಕೊಡುವುದಿಲ್ಲ.

ಎರಡನೇ ಪ್ರಶ್ನೆ: ಎಷ್ಟನೇ ತಲೆಮಾರು?

ಮೂರರಲ್ಲಿ ಮುಖ್ಯವಾದದ್ದು ಇದು. ಬೀಜದ ಪ್ಯಾಕೆಟ್ ಮೇಲೆ ‘ಎಫ್1’ ಅಂತ ಸಣ್ಣದಾಗಿ ಬರೆದಿರುತ್ತದೆ, ಅಲ್ವಾ? ನಾನು ತುಂಬಾ ದಿನ ಅದು ಕಂಪನಿಯ ನಂಬರು ಅಂದುಕೊಂಡಿದ್ದೆ. ಎಫ್ ಅಂದರೆ ‘ಫಿಲಿಯಲ್’, ಲ್ಯಾಟಿನ್ ಮೂಲದ ಪದ, ಮಕ್ಕಳಿಗೆ ಸಂಬಂಧಿಸಿದ್ದು ಅಂತ. ಇಂಗ್ಲೆಂಡಿನ ವಿಲಿಯಂ ಬೇಟ್ಸನ್ ಮತ್ತು ಎಡಿತ್ ಸಾಂಡರ್ಸ್ 1902ರಲ್ಲಿ ಈ ಗುರುತು ಬಳಕೆಗೆ ತಂದರು. ಎಫ್1 ಮಕ್ಕಳು, ಎಫ್2 ಮೊಮ್ಮಕ್ಕಳು, ಎಫ್3 ಮರಿಮಕ್ಕಳು.

ಎಫ್1 ಗಿಡಗಳೆಲ್ಲ ಯಾಕೆ ಒಂದೇ ಥರ? ತಾಯಿ ತಳಿ ಶುದ್ಧ, ತಂದೆ ತಳಿ ಶುದ್ಧ. ತಾಯಿ ಕೊಡುವುದು ಒಂದೇ ಬಗೆ, ತಂದೆ ಕೊಡುವುದೂ ಒಂದೇ ಬಗೆ. ಹಾಗಾಗಿ ಮಕ್ಕಳೆಲ್ಲ ಒಂದೇ ಅಚ್ಚು. ಆದರೆ ಆ ಮಕ್ಕಳ ಒಳಗೆ ಎರಡೂ ಕಡೆಯದ್ದು ಜೋಡಿಯಾಗಿ ಕೂತಿರುತ್ತದೆ. ಅವುಗಳ ಬೀಜ ಬಿತ್ತಿದರೆ ಜೋಡಿ ಬಿಚ್ಚಿಕೊಂಡು ಇಸ್ಪೀಟ್ ಎಲೆಯ ಹಾಗೆ ಕಲಸಿ ಹಂಚಿಹೋಗುತ್ತದೆ.

ಇದನ್ನು ಮೊದಲು ಎಣಿಸಿ ತೋರಿಸಿದವರು ಗ್ರೆಗರ್ ಮೆಂಡಲ್, ಬಟಾಣಿಯಲ್ಲಿ. ಗುಂಡು ಬೀಜದ ತಳಿಗೂ ಸುಕ್ಕು ಬೀಜದ ತಳಿಗೂ ಹುಟ್ಟಿದ ಮೊದಲ ತಲೆಮಾರೆಲ್ಲ ಗುಂಡು. ಎರಡನೇ ತಲೆಮಾರಲ್ಲಿ 5,474 ಗುಂಡು, 1,850 ಸುಕ್ಕು. ಹೆಚ್ಚುಕಮ್ಮಿ ಮೂರಕ್ಕೆ ಒಂದು. 1866ರಲ್ಲಿ ಅಚ್ಚಾದ ಆ ಪ್ರಬಂಧದ ಹೆಸರಲ್ಲೇ ಹೈಬ್ರಿಡ್ ಅನ್ನುವ ಪದ ಇದೆ.

ನನ್ನ ತಾರಸಿಗೆ ವಾಪಸ್ ಬನ್ನಿ. 12 ಗಿಡದಲ್ಲಿ ಮೂರಕ್ಕೆ ರೋಗ, ಒಂಬತ್ತು ಚೆನ್ನಾಗಿವೆ. ಮೂರಕ್ಕೆ ಒಂದು! ಇಷ್ಟು ಕರಾರುವಾಕ್ಕಾಗಿ ಬಂದದ್ದು ಕಾಕತಾಳೀಯ ಇರಬಹುದು, 12 ಗಿಡ ಲೆಕ್ಕಕ್ಕೆ ಸಾಲದು. ಆದರೂ ನೋಡಿ ಮೈ ಜುಮ್ಮೆಂದಿತು.

ಒಂದು ಗುಣಕ್ಕೆ ಹೀಗೆ. ತಂದೆ ತಾಯಿಗೆ ಹತ್ತು ಗುಣದಲ್ಲಿ ವ್ಯತ್ಯಾಸ ಇದ್ದರೆ? ಒಂದೊಂದು ಗುಣದಲ್ಲೂ ಎಫ್1ರ ಜೋಡಿ ಹಾಗೇ ಉಳಿಯುವ ಸಾಧ್ಯತೆ ಅರ್ಧ. ಹತ್ತೂ ಹಾಗೇ ಉಳಿಯುವುದು 1,024 ಗಿಡದಲ್ಲಿ ಒಂದು. ಎರಡು ಹಣ್ಣಿನ ಬೀಜ ಎತ್ತಿಟ್ಟು ಹೋದ ವರ್ಷದ ಗಿಡವೇ ಬರಲಿ ಅಂತ ಕಾದರೆ ಬರುತ್ತದೆಯೇ?

ಸರಿ, ರಾಗಿ ಹೇಗೆ ಉಳಿಯಿತು? ಮಂಡ್ಯದ ವಿ.ಸಿ. ಫಾರ್ಮ್ ಅನ್ನುವ ಕೃಷಿ ಸಂಶೋಧನಾ ಕೇಂದ್ರದಲ್ಲಿ ‘ರಾಗಿ ಲಕ್ಷ್ಮಣಯ್ಯ’ ಎಂದೇ ಹೆಸರಾದವರು ಭಾರತದ ರಾಗಿಗೂ ಆಫ್ರಿಕಾದ ರಾಗಿಗೂ ಸಂಬಂಧ ಮಾಡಿಸಿದರು. ಆ ರಾಗಿ ತಳಿಗಳಿಗೆ ‘ಇಂಡಾಫ್’ ಅನ್ನುವ ಹೆಸರು ಬಂದದ್ದೇ ಹಾಗೆ, ಇಂಡಿಯಾ ಮತ್ತು ಆಫ್ರಿಕಾ ಸೇರಿ. ಆದರೆ ರೈತರಿಗೆ ಕೊಟ್ಟಿದ್ದು ಎಫ್1 ಅಲ್ಲ. ರಾಗಿ ಹೂ ತನ್ನೊಳಗೇ ಪರಾಗ ಮಾಡಿಕೊಳ್ಳುತ್ತದೆ. ಹಾಗಾಗಿ ಒಂದೊಂದು ತಲೆಮಾರಿಗೂ ಬಿಚ್ಚಿಕೊಳ್ಳಬೇಕಾದ ಜೋಡಿಗಳು ಅರ್ಧಕ್ಕೆ ಇಳಿಯುತ್ತಾ ಹೋಗುತ್ತವೆ. ಎಫ್1ರಲ್ಲಿ ನೂರಕ್ಕೆ ನೂರು, ಎಫ್2ರಲ್ಲಿ 50, ಎಫ್3ರಲ್ಲಿ 25, ಹೀಗೆ ಎಫ್7ರ ಹೊತ್ತಿಗೆ ಎರಡಕ್ಕಿಂತ ಕಮ್ಮಿ. ನಡುವೆ ಒಳ್ಳೆಯ ತೆನೆ ಆರಿಸುತ್ತಾ ಬಂದರೆ ಕೊನೆಗೆ ತಳಿ ಗಟ್ಟಿಯಾಗುತ್ತದೆ. ಆಮೇಲೆ ಮಗ ಅಪ್ಪನ ಹಾಗೇ. ಕಣದಿಂದ ಬಿತ್ತನೆಗೆ ಧಾರಾಳವಾಗಿ ಎತ್ತಿಡಬಹುದು.

ಇಂಥದ್ದಕ್ಕೆ ಸರಿಯಾದ ಹೆಸರು ‘ಸುಧಾರಿತ ತಳಿ’. ಸಂಕರಣದಿಂದ ಹುಟ್ಟಿದ್ದು, ಆದರೆ ಈಗ ಸಂಕರ ತಳಿ ಅಲ್ಲ. ಊರಲ್ಲಿ ಇಲಾಖೆಯಿಂದ ಬಂದ ಹೊಸ ಬೀಜ ಎಲ್ಲವೂ ಜನರ ಬಾಯಲ್ಲಿ ಹೈಬ್ರಿಡ್ಡೇ ಆಗಿತ್ತು, ಅಮ್ಮನ ತಪ್ಪಲ್ಲ.

ಮೂರನೇ ಪ್ರಶ್ನೆ: ಮರಿ ಮಾಡುವುದು ಹೇಗೆ?

ಬೀಜದಿಂದಲೋ, ಕಂದಿನಿಂದಲೋ, ಕಸಿಯಿಂದಲೋ? ಬೀಜ ಬಿಟ್ಟು ಬೇರೆ ದಾರಿಯಿದ್ದರೆ ಎರಡನೇ ಪ್ರಶ್ನೆಯ ತಲೆನೋವೇ ಇಲ್ಲ.

ಏಲಕ್ಕಿ ಬಾಳೆಯನ್ನು ಯಾರಾದರೂ ಹೈಬ್ರಿಡ್ ಅಂದದ್ದು ಕೇಳಿದ್ದೀರಾ? ಇಲ್ಲ. ದೇವರ ಮುಂದೆ ಇಡುವ ಹಣ್ಣು, ಅಪ್ಪಟ ನಾಟಿ ಅಂತಲೇ ಲೆಕ್ಕ. ಆದರೆ ಏಲಕ್ಕಿ ಬಾಳೆ ಪಕ್ಕಾ ಹೈಬ್ರಿಡ್. ಅಕ್ಯುಮಿನೇಟ, ಬಾಲ್ಬಿಸಿಯಾನ ಅನ್ನುವ ಎರಡು ಕಾಡುಬಾಳೆ ಜಾತಿಗಳು ಸೇರಿ ಹುಟ್ಟಿದ್ದು. ವಿಜ್ಞಾನಿಗಳು ಅದನ್ನು ‘ಎಬಿ’ ಅಂತ ಬರೆಯುತ್ತಾರೆ, ಒಂದು ಪಾಲು ಅದು, ಒಂದು ಪಾಲು ಇದು. ನಂಜನಗೂಡಿನ ರಸಬಾಳೆ ‘ಎಎಬಿ’, ಅದೂ ಹೈಬ್ರಿಡ್ಡೇ. ಇನ್ನು ಗಾಡಿಯಲ್ಲಿ ಮಾರುವ ಪಚ್ಚಬಾಳೆಯನ್ನು ನಾವು ‘ಹೈಬ್ರಿಡ್ ಬಾಳೆ’ ಅಂತ ಮೂಗು ಮುರಿಯುತ್ತೇವಲ್ಲ, ಆ ಕ್ಯಾವೆಂಡಿಶ್ ಗುಂಪು ‘ಎಎಎ’. ಅದರಲ್ಲಿ ಎರಡನೇ ಜಾತಿಯ ಪಾಲೇ ಇಲ್ಲ! ಲೆಕ್ಕ ಪೂರ್ತಿ ತಿರುಗುಮುರುಗು.

ಯಾರೂ ಪ್ರಯೋಗಾಲಯದಲ್ಲಿ ಕೂತು ಏಲಕ್ಕಿ ಬಾಳೆ ಮಾಡಲಿಲ್ಲ. ಎಂದೋ ತಾನಾಗೇ ಬೆರೆತದ್ದನ್ನು ಯಾರೋ ರುಚಿ ನೋಡಿ, ಕಂದು ಕಿತ್ತು ನೆಟ್ಟರು. ಕಂದು ಅಂದರೆ ಅದೇ ಗಿಡ, ಅಚ್ಚು ಒತ್ತಿದ ಹಾಗೆ. ತಲೆಮಾರೇ ಬದಲಾಗಲಿಲ್ಲ.

ಮಾವಿನಲ್ಲಿ ಮಲ್ಲಿಕಾ ಇದೆಯಲ್ಲ, ಅದು ನೀಲಂ ಮತ್ತು ದಶೇರಿ ಸೇರಿದ್ದು. ಆಮ್ರಪಾಲಿ ಕೂಡ ಅದೇ ಜೋಡಿ, ತಾಯಿ ತಂದೆ ಅದಲು ಬದಲು. ಎರಡನ್ನೂ ಕಸಿ ಮಾಡಿಯೇ ಬೆಳೆಸುತ್ತಾರೆ. ತಿಂದು ಬಿಸಾಡಿದ ಮಲ್ಲಿಕಾ ವಾಟೆ ಹುಟ್ಟಿದರೆ ಅದು ಮಲ್ಲಿಕಾ ಆಗುವುದಿಲ್ಲ.

ಇಲ್ಲೊಂದು ಎಚ್ಚರಿಕೆ. ಕೆಲವು ನರ್ಸರಿಗಳಲ್ಲಿ ಕಸಿ ಗಿಡಕ್ಕೂ ‘ಹೈಬ್ರಿಡ್’ ಅಂದುಬಿಡುತ್ತಾರೆ. ಕಸಿ ಅಂದರೆ ಒಂದು ಗಿಡದ ಕೊಂಬೆಯನ್ನು ಇನ್ನೊಂದರ ಬುಡಕ್ಕೆ ಕಟ್ಟುವುದು. ಎರಡೂ ಅಂಟಿಕೊಳ್ಳುತ್ತವೆ, ಬೆರೆಯುವುದಿಲ್ಲ. ಬಾದಾಮಿ ಮಾವಿನ ಕಸಿ ಗಿಡ ಕಸಿ ಮಾತ್ರ, ಹೈಬ್ರಿಡ್ ಅಲ್ಲ.

ತೆಂಗಿಗೆ ಈ ಅನುಕೂಲ ಇಲ್ಲ, ಕಾಯಿಯಿಂದಲೇ ಸಸಿ ಆಗಬೇಕು. ಹಾಗಾಗಿ ಹೈಬ್ರಿಡ್ ತೆಂಗಿನ ಮರದ ಕಾಯಿಯನ್ನು ಬಿತ್ತನೆಗೆ ಹಾಕಬೇಡಿ. ಟೊಮ್ಯಾಟೊ ಆದರೆ ಮೂರು ತಿಂಗಳಲ್ಲಿ ತಪ್ಪು ಗೊತ್ತಾಗುತ್ತದೆ, ತೆಂಗಿನಲ್ಲಿ ಗೊತ್ತಾಗಲು ವರ್ಷಗಳು ಬೇಕು. ಸಸಿ ಕೊಳ್ಳುವಾಗ ನೋಡುವ ಒಂದು ಗುಟ್ಟೂ ಇದೆ. ಕಾಸರಗೋಡಿನ ಸಂಶೋಧನಾ ಸಂಸ್ಥೆಯ ‘ಚಂದ್ರಸಂಕರ’ದ ತಾಯಿ ಕಿತ್ತಳೆ ಬಣ್ಣದ ಗಿಡ್ಡ ತೆಂಗು, ತಂದೆ ಪಶ್ಚಿಮ ಕರಾವಳಿಯ ಎತ್ತರದ ತೆಂಗು. ನರ್ಸರಿಯಲ್ಲಿ ಸಸಿಯ ಗರಿಯ ತೊಟ್ಟು ನೋಡುತ್ತಾರೆ. ತೊಟ್ಟು ಕಿತ್ತಳೆ ಬಣ್ಣದ್ದಾದರೆ ಅದು ಗಿಡ್ಡ ತಾಯಿ ತನ್ನ ಪರಾಗದಿಂದಲೇ ಕಟ್ಟಿದ ಕಾಯಿ. ಕಂದು ಬಣ್ಣ ತಿರುಗಿದ್ದರೆ ಹೈಬ್ರಿಡ್.

ಒಂದು ಹೂ, ಒಂದು ಚಿಮಟ

ಎಫ್1 ಬೀಜಕ್ಕೆ ಯಾಕೆ ಅಷ್ಟು ರೇಟು ಅಂತ ಕೇಳುವವರು ಒಮ್ಮೆ ರಾಣೆಬೆನ್ನೂರಿನ ಸುತ್ತಮುತ್ತ ತರಕಾರಿ ಬೀಜೋತ್ಪಾದನೆ ಪ್ಲಾಟ್ ನೋಡಬೇಕು. ಅಲ್ಲಿಯವರು ಈ ಕೆಲಸಕ್ಕೆ ‘ಕ್ರಾಸಿಂಗ್’ ಅಂತಾರೆ.

ಸಂಜೆ ಹೊತ್ತು. ನಾಳೆ ಅರಳಬೇಕಾದ ಟೊಮ್ಯಾಟೊ ಮೊಗ್ಗು, ಎಸಳಿಗೆ ಈಗಷ್ಟೇ ಹಳದಿ ಬಂದಿದೆ. ಎಡಗೈಯಲ್ಲಿ ಮೊಗ್ಗು ಹಿಡಿದು, ಬಲಗೈ ಚಿಮಟದಿಂದ ಎಸಳು ಬಿಡಿಸಿ, ಒಳಗಿನ ಹಳದಿ ಕೊಳವೆಯನ್ನು ನಿಧಾನಕ್ಕೆ ಕಿತ್ತು ತೆಗೆಯುತ್ತಾರೆ. ಅದೇ ಗಂಡು ಭಾಗ. ನಡುವಿನ ಸಣ್ಣ ಹಸಿರು ಕಡ್ಡಿಗೆ ಪೆಟ್ಟಾಗಬಾರದು, ಅದು ಹೆಣ್ಣು ಭಾಗ. ಮಾರನೇ ದಿನ ಬೆಳಿಗ್ಗೆ ಗಂಡು ಸಾಲಿನ ಗಿಡಗಳಿಂದ ತಂದ ಪರಾಗದ ಪುಡಿ. ಉಂಗುರದ ಮೇಲೆ ಕೂರಿಸಿದ ಪುಟ್ಟ ಬಟ್ಟಲಲ್ಲಿ ಅದನ್ನಿಟ್ಟುಕೊಂಡು, ಆ ಹಸಿರು ಕಡ್ಡಿಯ ತುದಿಯನ್ನು ಪುಡಿಯಲ್ಲಿ ಮುಟ್ಟಿಸುತ್ತಾರೆ. ಮುಗಿದ ಮೇಲೆ ತೊಟ್ಟಿನ ಹತ್ತಿರ ನಕ್ಷತ್ರದ ಹಾಗಿರುವ ಹಸಿರು ಎಲೆಗಳಲ್ಲಿ ಎರಡನ್ನು ಕತ್ತರಿಸುತ್ತಾರೆ. ಅದೇ ಗುರುತು. ಹಣ್ಣಾದಾಗ ಆ ಎರಡು ಇಲ್ಲದ ಹಣ್ಣು ಮಾತ್ರ ಬೀಜಕ್ಕೆ. ಎಲ್ಲ ಐದೂ ಇದ್ದರೆ ಅದು ಸ್ವಂತ ಪರಾಗದ್ದು, ಬುಟ್ಟಿಗೆ ಬೀಳಬಾರದು.

ಒಂದೊಂದು ಹೂವಿಗೂ ಹೀಗೆ. ಹತ್ತಿಯಲ್ಲೂ ಇದೇ ಕಥೆ. ಹೆಚ್ಚಾಗಿ ಹೆಂಗಸರ ಕೈ. ಪ್ಯಾಕೆಟ್ ಮೇಲೆ ಅವರ ಗುರುತು ಎಲ್ಲೂ ಇರುವುದಿಲ್ಲ. ಕಣ್ಣಿಗೆ ಕಾಣುವುದು ಎಫ್1 ಮಾತ್ರ.

ಎಲ್ಲ ಬೆಳೆಗೂ ಚಿಮಟ ಹಿಡಿದು ಕೂರಲು ಆಗುವುದಿಲ್ಲ. ಭತ್ತದ ಹೂ ಹಿಡಿಯಲು ಹೋದರೆ ಮುಗಿದೇ ಹೋಯಿತು. ಅಲ್ಲಿ ಪರಾಗವೇ ಕಟ್ಟದ ತಾಯಿ ತಳಿ ಬಳಸುತ್ತಾರೆ. ಪಕ್ಕದ ಸಾಲಲ್ಲಿ ತಂದೆ ತಳಿ. ಹೂ ಬಿಡುವ ಹೊತ್ತಿಗೆ ಹಗ್ಗ ಹಿಡಿದು ಆ ತುದಿಗೊಬ್ಬರು ಈ ತುದಿಗೊಬ್ಬರು ನಿಂತು ತೆನೆಯ ಮೇಲೆ ಎಳೆದರೆ ಪರಾಗ ಹಾರಿ ಬೀಳುತ್ತದೆ. ಮಂಡ್ಯದ ಕೆಆರ್‌ಎಚ್-2 ಇಂಥ ಭತ್ತ. 1980ರಲ್ಲಿ ಬೆಂಗಳೂರು ಕೃಷಿ ವಿಶ್ವವಿದ್ಯಾಲಯದಿಂದ ಬಂದ ಬಿಎಸ್‌ಎಚ್-1 ಸೂರ್ಯಕಾಂತಿಯಲ್ಲೂ ಇದೇ ಉಪಾಯ. ಅಲ್ಲಿ ಹಗ್ಗದ ಕೆಲಸ ಜೇನು ಮಾಡುತ್ತದೆ.

ರೇಷ್ಮೆ ಸಾಕುವವರಿಗೆ ಇದನ್ನೆಲ್ಲ ಬಿಡಿಸಿ ಹೇಳಬೇಕಿಲ್ಲ. ಮೈಸೂರು ತಳಿಯ ಹೆಣ್ಣು, ಬಿಳಿ ಗೂಡಿನ ಸಿಎಸ್‌ಆರ್-2 ಗಂಡು, ಎರಡೂ ಸೇರಿದರೆ ಹಳದಿ ಗೂಡಿನ ಮಿಶ್ರತಳಿ. ಗೂಡು ಮಾರುಕಟ್ಟೆಗೆ ಹೋಗುತ್ತದೆ, ಮೊಟ್ಟೆ ಮಾತ್ರ ಪ್ರತಿ ಬೆಳೆಗೂ ಬಿತ್ತನೆ ಕೋಠಿಯಿಂದಲೇ ಬರಬೇಕು. ತನ್ನ ಗೂಡಿನಿಂದ ತಾನೇ ಚಿಟ್ಟೆ ಬಿಡಿಸಿ ಮುಂದಿನ ಬೆಳೆ ಮಾಡಲು ಯಾರೂ ಹೋಗುವುದಿಲ್ಲ. ಎಫ್2 ಅನ್ನುವ ಪದ ಬೇಕಾಗಿಲ್ಲ, ಮಾತು ಅದೇ.

ಅಂಗಡಿಯಲ್ಲಿ ಪ್ಯಾಕೆಟ್ ಕೈಗೆ ಬಂದಾಗ

ಮೊದಲು ಹಿಂಭಾಗ ತಿರುಗಿಸಿ. ಎಫ್1 ಅಥವಾ ಹೈಬ್ರಿಡ್ ಅಂತ ಇದ್ದರೆ ಬೀಜ ಎತ್ತಿಡುವ ಯೋಚನೆ ಬಿಡಿ. ‘ಓಪಿ’ (ಓಪನ್ ಪಾಲಿನೇಟೆಡ್, ಅಂದರೆ ತಾನಾಗೇ ಪರಾಗವಾಗಿ ಕಟ್ಟಿದ ಬೀಜ) ಅಂತಲೋ ‘ಸುಧಾರಿತ ತಳಿ’ ಅಂತಲೋ ಇದ್ದರೆ ಎತ್ತಿಡಬಹುದು. ಏನೂ ಬರೆದಿಲ್ಲ, ಬರೀ ತಳಿ ಹೆಸರಿದೆ ಅಂದರೆ ಅಂಗಡಿಯವರನ್ನು ಹೀಗೆ ಕೇಳಿ: “ಇದರ ಬೀಜ ಮುಂದಿನ ಸಲಕ್ಕೆ ಬರುತ್ತಾ?” ‘ಇದು ಹೈಬ್ರಿಡ್ಡಾ?’ ಅಂತ ಕೇಳಬೇಡಿ. ಹೈಬ್ರಿಡ್ ಅಂದರೆ ಒಳ್ಳೆಯ ಮಾಲು ಅಂತ ತಿಳಿದು ಎಲ್ಲದಕ್ಕೂ ಹೂಂ ಅನ್ನುವ ಅಂಗಡಿಯವರು ಇದ್ದಾರೆ.

ಆಮೇಲೆ ಚೀಟಿಯ ಬಣ್ಣ. ನೀಲಿ ಚೀಟಿ ಪ್ರಮಾಣಿತ ಬೀಜದ್ದು, ಪ್ರಮಾಣನ ಸಂಸ್ಥೆ ಪರೀಕ್ಷೆ ಮಾಡಿರುತ್ತದೆ. ತಿಳಿ ಹಸಿರು ಚೀಟಿಯಾದರೆ ಕಂಪನಿ ತಾನೇ ಜವಾಬ್ದಾರಿ ಹೊತ್ತು ಬರೆದದ್ದು. ಖಾಸಗಿ ಹೈಬ್ರಿಡ್‌ಗಳು ಜಾಸ್ತಿ ಈ ಹಸಿರಿನಲ್ಲೇ ಬರುತ್ತವೆ. ಬಣ್ಣಕ್ಕೂ ಹೈಬ್ರಿಡ್ ಆಗಿರುವುದಕ್ಕೂ ಸಂಬಂಧ ಇಲ್ಲ.

ಬೀಜಕ್ಕೆ ಹಚ್ಚಿದ ಗುಲಾಬಿ ಬಣ್ಣಕ್ಕೂ ಸಂಬಂಧ ಇಲ್ಲ. ‘ಪಿಂಕ್ ಬೀಜ ಹೈಬ್ರಿಡ್, ಬಿಳಿ ಬೀಜ ನಾಟಿ’ ಅನ್ನುವವರನ್ನು ನೋಡಿದ್ದೇನೆ. ಬೂಷ್ಟು ಬರದ ಹಾಗೆ ಹಚ್ಚಿದ ಔಷಧಿಯನ್ನು ಗುರುತಿಸಲು ಆ ಬಣ್ಣ. ಉಳಿದ ಬೀಜ ಕೋಳಿಗೆ ಹಾಕಬೇಡಿ, ಮಕ್ಕಳ ಕೈಗೆ ಕೊಡಬೇಡಿ.

ಮೊಳಕೆ ಪ್ರಮಾಣ, ತಳಿ ಶುದ್ಧತೆ, ಪರೀಕ್ಷೆಯ ದಿನಾಂಕ, ಯಾವ ದಿನದವರೆಗೆ ಬಳಸಬಹುದು ಅನ್ನುವುದನ್ನು ನೋಡಿ. ತಳಿ ಶುದ್ಧತೆ ಅನ್ನುವುದು ಹೈಬ್ರಿಡ್‌ನಲ್ಲಿ ತುಂಬಾ ಮುಖ್ಯ. ಎರಡು ಎಲೆ ಕತ್ತರಿಸದ ಹಣ್ಣು ಎಷ್ಟು ಬುಟ್ಟಿಗೆ ಸೇರಿಕೊಂಡವು ಅನ್ನುವುದರ ಲೆಕ್ಕ ಅದು. ಬಿತ್ತಿದ ಮೇಲೆ ಖಾಲಿ ಪ್ಯಾಕೆಟ್, ಬಿಲ್ಲು, ಒಂದು ಹಿಡಿ ಬೀಜ, ಮೂರನ್ನೂ ಬೆಳೆ ಮುಗಿಯುವ ತನಕ ಇಟ್ಟುಕೊಳ್ಳಿ. ಬೆಳೆ ಕೈಕೊಟ್ಟರೆ ರೈತ ಸಂಪರ್ಕ ಕೇಂದ್ರಕ್ಕೆ ಹೋದಾಗ ಮೊದಲು ಕೇಳುವುದು ಲಾಟ್ ನಂಬರು.

ಓಪಿ ಬೀಜ ಎತ್ತಿಡುವಾಗಲೂ ಒಂದು ಮಾತು. ಟೊಮ್ಯಾಟೊ, ಹುರುಳಿಕಾಯಿ, ರಾಗಿ ಇವೆಲ್ಲ ಹೆಚ್ಚಾಗಿ ತಮ್ಮಷ್ಟಕ್ಕೆ ಪರಾಗ ಮಾಡಿಕೊಳ್ಳುತ್ತವೆ, ತಳಿ ಕೆಡುವುದು ಕಮ್ಮಿ. ಕುಂಬಳ, ಸೂರ್ಯಕಾಂತಿ, ಈರುಳ್ಳಿ, ಮೆಕ್ಕೆಜೋಳ ಹಾಗಲ್ಲ. ಪಕ್ಕದ ಹೊಲದ ಪರಾಗ ಬಂದು ನಿಮ್ಮ ಬೀಜ ನಿಮಗೆ ಗೊತ್ತಿಲ್ಲದೆ ಹೈಬ್ರಿಡ್ ಆಗುತ್ತದೆ. ಕುಂಬಳದಲ್ಲಿ ಈ ವರ್ಷದ ಕಾಯಿ ನೋಡಿದರೆ ಏನೂ ತಿಳಿಯುವುದಿಲ್ಲ, ಮುಂದಿನ ವರ್ಷ ಗೊತ್ತಾಗುತ್ತದೆ. ಮೆಕ್ಕೆಜೋಳ ಮಾತ್ರ ಗುಟ್ಟು ಬಿಟ್ಟುಕೊಡುತ್ತದೆ. ಬಿಳಿ ಮೆಕ್ಕೆಜೋಳದ ತೆನೆಯಲ್ಲಿ ಅಲ್ಲಲ್ಲಿ ಹಳದಿ ಕಾಳು ಕಂಡರೆ, ಆ ಒಂದೊಂದು ಕಾಳಿಗೂ ತಂದೆ ಬೇರೆ ಅಂತ ತಿಳಿಯಿರಿ.

ಹೈಬ್ರಿಡ್ ಅಂತ ಬೈಯುವ ಮುಂಚೆ

‘ಹೈಬ್ರಿಡ್ ಟೊಮ್ಯಾಟೊ ಸಾರಿಗೆ ಹುಳಿ ಇಲ್ಲ.’ ನಿಜ, ನಾನೂ ಒಪ್ಪುತ್ತೇನೆ. ಆದರೆ ಹುಳಿ ಹೋದದ್ದು ಎರಡು ತಳಿ ಸೇರಿಸಿದ್ದಕ್ಕಲ್ಲ. ಲಾರಿಯಲ್ಲಿ ದೂರದೂರಿಗೆ ಹೋದರೂ ಒಡೆಯಬಾರದು, ನಾಲ್ಕು ದಿನ ಗಟ್ಟಿಯಾಗಿರಬೇಕು, ಬಣ್ಣ ಒಂದೇ ಸಮ ಇರಬೇಕು ಅಂತ ಆರಿಸುತ್ತಾ ಹೋದರು. ರುಚಿ ಆ ಪಟ್ಟಿಯಲ್ಲಿ ಕೆಳಗಿತ್ತು. ಮೇಲಿಂದ ಅರೆಗಾಯಿಯಲ್ಲೇ ಕೀಳುತ್ತಾರೆ. ಹಣ್ಣು ಒಂದೇ ಸಮ ಕೆಂಪಾಗಲಿ ಅಂತ ಆರಿಸಿದ ಒಂದು ಗುಣವೇ ಸಿಹಿಯನ್ನೂ ಕಮ್ಮಿ ಮಾಡಿತ್ತು ಅಂತ 2012ರಲ್ಲಿ ಪ್ರಕಟವಾದ ಸಂಶೋಧನೆ ತೋರಿಸಿತು. ರುಚಿಗಾಗಿಯೇ ಆರಿಸಿದರೆ ಹೈಬ್ರಿಡ್‌ನಲ್ಲೂ ರುಚಿ ಬರುತ್ತದೆ, ಮಲ್ಲಿಕಾ ತಿಂದವರಿಗೆ ಗೊತ್ತು.

ಇನ್ನೊಂದು ಗೊಂದಲ ಜಿಎಂ, ಅಂದರೆ ಜೀನ್ ಮಾರ್ಪಡಿಸಿದ್ದು. ಅಲ್ಲಿ ಪರಾಗದ ಕೆಲಸ ಅಲ್ಲ, ಬೇರೆ ಜೀವಿಯ ಒಂದು ಜೀನ್ ತಂದು ಸೇರಿಸುತ್ತಾರೆ. ಬಿಟಿ ಹತ್ತಿಯಲ್ಲಿ ಮಣ್ಣಿನ ಬ್ಯಾಕ್ಟೀರಿಯಾದ ಜೀನ್ ಇದೆ. 2002ರಲ್ಲಿ ನಮ್ಮ ದೇಶದಲ್ಲಿ ಅದಕ್ಕೆ ಒಪ್ಪಿಗೆ ಸಿಕ್ಕಿತು. ಬಿಟಿ ಬದನೆ 2010ರಲ್ಲಿ ತಡೆಯಾಯಿತು. ಗೊಂದಲ ಯಾಕೆ ಅಂದರೆ ಇಲ್ಲಿ ಬಿಟಿ ಹತ್ತಿ ಮಾರಿದ್ದೇ ಹೆಚ್ಚಾಗಿ ಹೈಬ್ರಿಡ್ ಬೀಜವಾಗಿ. ಒಂದೇ ಪ್ಯಾಕೆಟ್‌ನಲ್ಲಿ ಎರಡೂ ಇದ್ದವು. ಆದರೆ ನಿಮ್ಮ ಹೈಬ್ರಿಡ್ ಟೊಮ್ಯಾಟೊ ಜಿಎಂ ಅಲ್ಲ.

ಪ್ರಯೋಗಾಲಯದ ವರದಿಯಲ್ಲಿ ‘ಹೈಬ್ರಿಡೈಸೇಶನ್’ ಅಂತ ಕಂಡರೆ ಅದು ಬೇರೆಯೇ. ಡಿಎನ್‌ಎಯ ಒಂದು ಎಳೆ ತನ್ನ ಜೋಡಿ ಎಳೆಗೆ ಹೋಗಿ ಅಂಟಿಕೊಳ್ಳುವುದಕ್ಕೆ ಆ ಹೆಸರು. ಅಲ್ಲಿ ಮದುವೆಯೂ ಇಲ್ಲ, ಮಕ್ಕಳೂ ಇಲ್ಲ.

ಕನ್ನಡದಲ್ಲಿ ಬರೆಯುವಾಗ ಯಾವ ಪದ?

ಹಸುವಿಗೆ ‘ಮಿಶ್ರತಳಿ’ ಚೆನ್ನಾಗಿ ಕೂತಿದೆ, ಮನೆಮಾತಿನಲ್ಲಿ ಸೀಮೆಹಸು. ರೇಷ್ಮೆಗೂ ಮಿಶ್ರತಳಿಯೇ. ಬೆಳೆಗೆ ಕೃಷಿ ಇಲಾಖೆಯ ಕರಪತ್ರಗಳು ‘ಸಂಕರಣ ತಳಿ’ ಅನ್ನುತ್ತವೆ. ನನಗೆ ಅನ್ನಿಸುವುದು, ಸೇರಿಸುವ ಕ್ರಿಯೆಗೆ ಸಂಕರಣ, ಹುಟ್ಟಿದ್ದಕ್ಕೆ ಸಂಕರ ತಳಿ ಅಂತ ಬೇರೆ ಮಾಡಿಕೊಂಡರೆ ರಾಗಿಯಂಥ ಗೊಂದಲ ತಪ್ಪುತ್ತದೆ. ಆದರೆ ಸಂಕರ ಅನ್ನುವ ಪದಕ್ಕೆ ‘ವರ್ಣಸಂಕರ’ದ ಹಳೇ ಕಹಿ ಅಂಟಿಕೊಂಡಿದೆ. ‘ಬೆರಕೆ’ ನಮ್ಮದೇ ಚಂದದ ಪದ, ಬೆರಕೆ ಸೊಪ್ಪಿನ ಸಾರು ನೆನಪಾಗುತ್ತದೆ. ಏನು ಮಾಡುವುದು, ಜನರ ಬಾಯಲ್ಲಿ ಅದು ಬೈಗುಳವೂ ಆಗಿದೆ. ಹಾಗಾಗಿ ನಾನು ಸುಮ್ನೆ ಹೈಬ್ರಿಡ್ ಅಂತಲೇ ಬರೆಯುತ್ತೇನೆ. ಬೀಜದ ಮಾತಾದರೆ ‘ಎಫ್1 ಹೈಬ್ರಿಡ್’ ಅಂತ ಪೂರ್ತಿ ಬರೆಯುತ್ತೇನೆ.

‘ನಾಟಿ’, ‘ಜವಾರಿ’ ಬಳಸುವಾಗಲೂ ಸ್ವಲ್ಪ ನಿಧಾನ. ಟೊಮ್ಯಾಟೊ ನಮ್ಮ ನೆಲದ್ದೇ ಅಲ್ಲ, ದಕ್ಷಿಣ ಅಮೆರಿಕದಿಂದ ಬಂದದ್ದು. ಇಲ್ಲಿ ನಾಟಿ ಅಂದರೆ ಚಪ್ಪಟೆ ಗೆರೆಯ ಹುಳಿ ಹಣ್ಣು ಅಂತಷ್ಟೇ ಅರ್ಥ. ಆ ಆಕಾರ, ಆ ಹುಳಿ ಇಟ್ಟುಕೊಂಡೇ ಮಾಡಿದ ಹೈಬ್ರಿಡ್‌ಗಳೂ ಮಾರುಕಟ್ಟೆಯಲ್ಲಿವೆ. ಗಾಡಿಯವರು ‘ನಾಟಿ ಸಾರ್’ ಅಂದರೆ ಹುಳಿ ಇದೆ ಅಂತ ತಿಳಿಯಿರಿ, ಬೀಜ ಎತ್ತಿಡಬಹುದು ಅಂತಲ್ಲ.

ನನ್ನ 12 ಗಿಡಗಳ ವಿಷಯ ಉಳಿಯಿತು. ರೋಗದ ಮೂರನ್ನು ಕಿತ್ತೆ. ಉಳಿದದ್ದರಲ್ಲಿ ನಾಲ್ಕನೇ ಕುಂಡದ ಗಿಡ ಸೊಂಟದೆತ್ತರ, ಹಣ್ಣು ಮಧ್ಯಮ ಗಾತ್ರ, ಸಾರಿಗೆ ಹದವಾದ ಹುಳಿ. ಅದರ ಎರಡು ಹಣ್ಣು ಹಿಚುಕಿ, ತಿರುಳಿನ ಜೊತೆ ಲೋಟದಲ್ಲಿ ಎರಡು ದಿನ ಹುಳಿಯಲು ಬಿಟ್ಟು, ತೊಳೆದು ಒಣಗಿಸಿದ್ದೇನೆ. ಈ ಸಲ ಬೂದಿ ಇಲ್ಲ. ಕಾಗದದ ಕವರಿನ ಮೇಲೆ ‘ಎಫ್3, 4ನೇ ಗಿಡ’ ಅಂತ ಬರೆದೆ. ಅಮ್ಮ ಕನ್ನಡಕ ಏರಿಸಿ ಓದಿ, “ಇದೇನೋ, ಯಾವ ಕಂಪನಿದು?” ಅಂದರು.